ಮೂರು ಕೂಗು

ಹಾಸನದ ಕೋರ್ಟಿನಲ್ಲಿ ನನ್ನದು ಗಂಟಲಿನ ನೌಕರಿ.
ಹತ್ತೊಂಬತ್ತು ವರ್ಷ, ದಿನಕ್ಕೆ ಅರವತ್ತೋ ಎಪ್ಪತ್ತೋ ಹೆಸರು,
ಒಂದೊಂದಕ್ಕೂ ಮೂರು ಕೂಗು.
ಮೂರಕ್ಕೂ ಬಾರದವರು ಇಲ್ಲದವರು.
ಮನೆಯಲ್ಲಿ ಮಾತೇ ಆಡುವುದಿಲ್ಲವೆಂದು ಗೊಣಗುತ್ತ ಹೆಂಡತಿ
ಬಿಸಿನೀರಿಗೆ ಉಪ್ಪು ಹಾಕಿ ಮುಂದಿಡುತ್ತಾಳೆ.

ಆ ಸೋಮವಾರವೂ ಬಾಗಿಲಲ್ಲಿ ನಿಂತು ಎಳೆದೆ:
'ಹೊಂಬಾಳಮ್ಮ ಕೋಂ ಲೇಟ್ ಜವರಾಚಾರೀ...'
ಪೆನ್ಷನ್ ಮೊಹಲ್ಲಾದ ಹಿಟ್ಟಿನ ಗಿರಣಿ,
ಹತ್ತಡಿಗೆ ಹನ್ನೆರಡಡಿ. ಹಿಂದುಗಡೆ ಒಂದು ಒಲೆ, ಒಂದು ಚಾಪೆ.
ಹದಿನಾಲ್ಕು ತಿಂಗಳ ಬಾಡಿಗೆ ಬಾಕಿ, ತೆರವು ಮಾಡಿಸಿಕೊಡಿ
ಎಂದು ಶೆಟ್ಟರ ಕಾಗದ.
ಎರಡನೆಯ ಕೂಗು ಕಂಬಕ್ಕೆ ಬಡಿದು ವಾಪಸು ಬಂತು.
ಮೂರನೆಯದು, ಸುಳ್ಳೇಕೆ,
ಊಟದ ಹೊತ್ತಾಗಿತ್ತು, ಅರ್ಧ ನುಂಗಿಕೊಂಡೇ ಕೂಗಿದೆ.
ಒಳಗೆ ಪೆನ್ನು ಬರೆಯಿತು: ಗೈರುಹಾಜರು.
ಇನ್ನೊಂದು ಸಾಲು: ಏಕಪಕ್ಷೀಯ.

ಸಂಜೆ ಬೀಗದ ಗೊಂಚಲು ಹಿಡಿದು ಹೊರಬಂದರೆ
ಮೆಟ್ಟಿಲ ಕೆಳಗಿನ ಕಲ್ಲುಬೆಂಚಿನಲ್ಲಿ ಒಬ್ಬ ಹೆಂಗಸು.
ಹುಬ್ಬಿನ ಮೇಲೆ ರಾಗಿಹಿಟ್ಟು, ಕಿವಿಯ ಮಡಿಕೆಯಲ್ಲಿ ರಾಗಿಹಿಟ್ಟು,
ಮಡಿಲಲ್ಲಿ ಬಟ್ಟೆ ಅಂಗಡಿಯ ಹಳೇ ಕವರು.
'ಯಾರಮ್ಮ ನೀವು?' ಅಂದೆ.
ಎಡಗಿವಿಯನ್ನು ನನ್ನ ಬಾಯಿಯ ಹತ್ತಿರಕ್ಕೇ ತಂದು ಹಿಡಿದಳು.
'ಜೋರಾಗಿ ಕೇಳಿ ಸಾಮಿ, ಮಿಸಿನ್ನು ತಿಂದ್‌ಬುಟ್ಟದೆ ಕಿವೀನ.
ಬೆಳಗ್ಗಿಂದ್ಲೂ ಕುಂತಿವ್ನಿ.
ನನ್ನೆಸ್ರ ಯಾವಾಗ ಕೂಗ್ತಾರೆ?'

ನಾಳೆ ವಕೀಲರನ್ನು ನೋಡಿ, ಅಂದೆ. ಅಷ್ಟೇ ಅಂದೆ.
ಆ ರಾತ್ರಿ ಉಪ್ಪುನೀರು ಗಂಟಲಿಳಿಯಲಿಲ್ಲ.

ಕೇಳದೆ ಯಾರನ್ನೂ ಹೊರಗೆ ಹಾಕಬಾರದು:
ಬಾಗಿಲಲ್ಲಿ ನಿಂತೂ ನಿಂತೂ ನನಗೆ ಬಾಯಿಪಾಠವಾದ ಮಾತು.
ಈ 'ಕೇಳು' ಎಂಬುದೊಂದು ವಿಚಿತ್ರ ಪದ ನೋಡಿ,
ಬಾಯಿಗೂ ಅದೇ, ಕಿವಿಗೂ ಅದೇ.
ಅವಳನ್ನು ಯಾರೂ ಕೇಳಲಿಲ್ಲ.
ಅವಳಿಗೆ ನಾನು ಕೇಳಲಿಲ್ಲ.
ಕಾಗದದಲ್ಲಿ ಮಾತ್ರ ಮೂರು ಸಲ ಕೂಗಲಾಗಿದೆ,
ಮತ್ತು ಅದು ನಿಜ.

ತಣ್ಣೀರುಹಳ್ಳದ ಒಬ್ಬ ಹುಡುಗಿ ವಕೀಲೆ,
ಕೋಟಿನ ತೋಳು ಇನ್ನೂ ಉದ್ದ,
ಅಮೀನರು ಬೀಗ ಒಡೆಯುವುದಕ್ಕೆ ಎರಡು ದಿನ ಮುಂಚೆ ಅರ್ಜಿ ಹಾಕಿದಳು.
'ಕೂಗಿದ್ದು ಮಹಾರಾಜಾ ಪಾರ್ಕಿನವರೆಗೂ ಕೇಳಿದೆ'
ಎಂದು ಎದುರಿನವರು ನಕ್ಕರು.
ನನ್ನ ಗಂಟಲಿಗೆ ಸಿಕ್ಕ ಮೊದಲ ಹೊಗಳಿಕೆ;
ಕತ್ತು ತಗ್ಗಿಸಿಕೊಂಡು ನಿಂತಿದ್ದೆ.
ಕೇಸು ಮತ್ತೆ ತೆರೆಯಿತು.

ಆವತ್ತು ಅವಳ ಸರದಿ ಬಂದಾಗ
ಬಾಗಿಲು ಬಿಟ್ಟು ಏಳು ಮೆಟ್ಟಿಲಿಳಿದೆ.
ಬಗ್ಗಿ ಎಡಗಿವಿಯಲ್ಲಿ ಒಂದೇ ಸಲ, ಮೆಲ್ಲಗೆ,
'ಹೊಂಬಾಳಮ್ಮ, ಬನ್ನಿ.'
ಕೋಂ ಇಲ್ಲ, ಲೇಟ್ ಇಲ್ಲ.

ಓಡುವ ಗಿರಣಿಯ ಮೇಲೆ ಮಾತಾಡಿ ರೂಢಿಯಾದ ದನಿ!
ಟೇಬಲ್ಲಿನ ಮೇಲಿನ ಗಾಜಿನ ಲೋಟ ಗುಂಯ್ ಎಂದಿತು.
ಕವರಿನಿಂದ ಒಂದೊಂದೇ ಚೀಟಿ ತೆಗೆದಳು,
ಶೆಟ್ಟರು ಬೇಡವೆಂದು ಹಿಂದಿರುಗಿದ ಮನಿಯಾರ್ಡರು:
'ಇದು ಯುಗಾದಿ ತಿಂಗ್ಳದು, ತಗಣಾಕಿಲ್ಲ ಅಂದ್ರು.
ಇದು ನನ್ ಮಗಳ ಬಾಣಂತನದ್ದು, ತಗಣಾಕಿಲ್ಲ ಅಂದ್ರು.
ಇದು ಹಾಸನಾಂಬೆ ಬಾಗ್ಲು ತೆಗೆದ ತಿಂಗ್ಳದು,
ಆವತ್ತೂವೆ ತಗಣಾಕಿಲ್ಲ ಅಂದ್ರು...'
'ಸ್ವಲ್ಪ ಮೆಲ್ಲಗೆ ಹೇಳಿಯಮ್ಮ' ಅಂದರು ಸಾಹೇಬರು.
ಅವಳಿಗೆ ಕೇಳಿಸಲಿಲ್ಲ.
ಹದಿನಾಲ್ಕನ್ನೂ ಹೇಳಿದಳು.

ಆದೇಶವನ್ನು ಮುಂದಕ್ಕೆ ಇಟ್ಟರು. ಏನಾದೀತೋ.
ಪಟ್ಟಿಯಲ್ಲಿ ಇನ್ನೂ ಮೂವತ್ತೊಂದು ಹೆಸರಿತ್ತು.
ಬಾಗಿಲಿಗೆ ಬಂದೆ, ಉಸಿರು ತುಂಬಿಕೊಂಡೆ,
ಬಾಯಿ ತೆರೆಯುವ ಮುಂಚೆ
ಕೆಳಗಿನ ಬೆಂಚನ್ನೊಮ್ಮೆ ನೋಡಿದೆ.