ಕೈ ಎತ್ತದವಳು

ನಾಳೆ ಸಾಹೇಬರು ಬರ್ತಾರೆ ಅಂತ
ಮಾಬುನ್ನಿಯ ಉಗುರು ಕತ್ತರಿಸಿದೆ.
ನೀಲಿ ಹೋಗಲಿಲ್ಲ.
ರಾತ್ರಿ ಅಮ್ಮಿಯ ಜೊತೆ ಕೂತು
ಜೀನ್ಸಿನ ದಾರ ಕತ್ತರಿಸುವ ಬೆರಳು.
ಸಬೀನಾ ಹಾಕಿದೆ, ನಿಂಬೆಹೋಳು ತಿಕ್ಕಿದೆ.
"ಉರೀತೈತ್ರೀ ಟೀಚರ್" ಅಂದಳು, ನಗುತ್ತಲೇ.
"ನಾಳೆ ಒಂದಿನ ಕೈ ಮುಚ್ಚಿಟ್ಕೋ."

ಕೌಲ್‌ಬಜಾರಿನ ಓಣಿಯೊಳಗೆ ಜೀಪು ಬಂತು.
ಕಲಿಕಾ ಫಲದ ಕಡತ, ಮೊಟ್ಟೆಯ ಲೆಕ್ಕ,
ಆ್ಯಪಿನಲ್ಲಿ ಹಾಜರಿ, ಎಲ್ಲ ಸರಿ.
ಆಮೇಲೆ ಮಕ್ಕಳ ಕಡೆ ತಿರುಗಿ:
"ಹದಿನೇಳು ಎಂಟ್ಲೆ ಎಷ್ಟು?
ಗೊತ್ತಿದ್ದವರು ಕೈ ಎತ್ತಿ."

ಒಂದೂ ಏಳಲಿಲ್ಲ.
ಮಾಬುನ್ನಿ ನನ್ನನ್ನೇ ನೋಡಿದಳು.
ತುಟಿಯಲ್ಲಿ ನೂರಾ ಮೂವತ್ತಾರು,
ಕೈ ಲಂಗದ ಮಡಿಕೆಯಲ್ಲಿ.

'ಗಣಿತ: ದುರ್ಬಲ' ಎಂದು ಬರೆದು
ಪುಸ್ತಕ ನನ್ನ ಕಡೆ ದೂಡಿದರು.
ಸಹಿ ಮಾಡಿದೆ.
ಪೆನ್ನು ಸೋರುತ್ತಿತ್ತು.