ನೀರು ಕೊಟ್ಟ ಸಾಕ್ಷಿ

ಮೇಸ್ತ್ರಿಗಳಿಗೆ ನೀರು ಕೊಟ್ಟಿದ್ದು ಹೌದೇ, ಕೇಳಿದರು.
ಹೌದು, ಕೊಟ್ಟೆ.
ಎಷ್ಟು ಸಲ?
ನೀರಿಗೆ ಯಾರು ಲೆಕ್ಕ ಇಡುತ್ತಾರೆ, ಸ್ವಾಮಿ?
ಮಾರ್ಚಿಯ ಬಿಸಿಲು, ಸಾಲ್ಟ್‌ಪಾಂಡಿನ ಉಪ್ಪುಗಾಳಿ,
ಹುಡುಗರ ತುಟಿ ಒಡೆದಿತ್ತು.
ಕುದುರೆಗೂದಲ ಬಿಳಿ ಟೋಪಿಯ ಕೆಳಗೆ
ವಕೀಲರು ನಕ್ಕರು. ಗುಮಾಸ್ತ ಬರೆದುಕೊಂಡ:
ವಾದಿ ಗೋಡೆ ಏಳುವುದನ್ನು ಕಂಡಿದ್ದಾಳೆ.
ತಡೆದಿಲ್ಲ. ನೀರು ಕೊಟ್ಟಿದ್ದಾಳೆ.

ನಾನು ಎಂಟ್ಸಿವಾ. ಮೀನಿಗೆ ಹೊಗೆ ಹಾಕುವವಳು.
ಅಜ್ಜಿಯಿಂದ ಅಮ್ಮನಿಗೆ, ಅಮ್ಮನಿಂದ ನನಗೆ ಬಂದದ್ದು
ಎರಡು ಮಣ್ಣಿನ ಒಲೆ, ಅವುಗಳ ಹಿಂದಿನ ಜಾಗ,
ಪೂರ್ವಕ್ಕೆ ಎನ್‌ಟೊಮೆ ಗಿಡಗಳ ಸಾಲು.
ನಮ್ಮ ಹಿರಿಯರು ಗಡಿಗೆ ಗಿಡ ನೆಟ್ಟವರು,
ಕಡಿದರೂ ಕಡಿದಲ್ಲೇ ಚಿಗುರುತ್ತದೆಂದು.

ಪಕ್ಕದ ಆಬೆಕಾ ಕೆಟ್ಟವನೇನಲ್ಲ.
ಮೊದಲ ವರ್ಷ ಮರಳು ತಂದು ಸುರಿದ,
ನಮ್ಮ ಕಡೆಗೆ ನಾಲ್ಕು ಹೆಜ್ಜೆ. ಮಳೆಗೆ ಜಾರಿತು ಅಂದ.
ಮರುವರ್ಷ ಸಿಮೆಂಟಿನ ಇಟ್ಟಿಗೆ ಎರಕ ಹೊಯ್ದು ಒಣಗಲಿಟ್ಟ.
ಇಟ್ಟಿಗೆ ಒಣಗಲು ಎಷ್ಟು ವರ್ಷ ಬೇಕು?
ಆಮೇಲೆ ಒಂದು ವರಸೆ. ದುಡ್ಡು ಬಂದಾಗ ಇನ್ನೊಂದು ವರಸೆ.
ಏನು ಶ್ರದ್ಧೆ ಅವನದು!
ಭಾನುವಾರ ಚರ್ಚಿನಿಂದ ಬಂದವನೇ ತೋಳು ಮಡಚಿ
ಒಂದು ಕರಣೆ ಗಾರೆಯಾದರೂ ಮೆತ್ತದೆ
ಊಟಕ್ಕೆ ಕೂರುತ್ತಿರಲಿಲ್ಲ.
ಕದಿಯುವುದಕ್ಕೆ ಇಷ್ಟು ತಾಳ್ಮೆ ಬೇಕೆಂದು
ನನಗೆ ಯಾರೂ ಹೇಳಿರಲಿಲ್ಲ.

ನಾನೇನು ಮಾಡುತ್ತಿದ್ದೆ?
ಮಗಳ ಬಾಣಂತನ. ಗಂಡನ ಸಾವು,
ಅವನ ನಲವತ್ತನೆಯ ದಿನ, ಅವನ ವರ್ಷದ ದಿನ.
ಬೂತಾಯಿ ಬಂದ ಆಗಸ್ಟ್, ಬಾರದ ಆಗಸ್ಟ್.
ಒಮ್ಮೆ ಹೇಳಿದ್ದೆ. ನೋಡೋಣ ಅಕ್ಕಾ, ಅಂದ.
ಮರುದಿನ ಒಂದು ಬಾಳೆಗೊನೆ ಕಳಿಸಿದ.
ತಿಂದೆವು.
ಅದನ್ನೂ ಬರೆದುಕೊಂಡರು.

ಹನ್ನೆರಡು ವರ್ಷ ತುಂಬಿದರೆ ಬಾಗಿಲು ಹಾಕುತ್ತದಂತೆ ಕಾನೂನು.
ಹನ್ನೊಂದು ವರ್ಷ ಹತ್ತು ತಿಂಗಳಿಗೆ
ಕೇಪ್ ಕೋಸ್ಟಿನ ಮೆಟ್ಟಿಲು ಹತ್ತಿದೆ,
ಮೈಯೆಲ್ಲ ಹೊಗೆಯ ವಾಸನೆ.
ನಿದ್ದೆ ಮಾಡಿದವರತ್ತ ನ್ಯಾಯ ತಿರುಗಿ ನೋಡದು
ಎಂದರು ಎದುರು ವಕೀಲರು. ಲ್ಯಾಟಿನ್ನಿನಲ್ಲೂ ಹೇಳಿದರು.
ನನಗೆ ತಿಳಿಯಬಾರದೆಂದಿದ್ದರೆ
ಇಂಗ್ಲಿಷೇ ಸಾಕಿತ್ತು.

ಆಗಲಿ. ನಾನು ನಿದ್ದೆ ಮಾಡಿದೆ.
ಆಮೇಲಿನದು ಯಾರ ನಿದ್ದೆ?
ಮೊದಲ ನ್ಯಾಯಾಧೀಶರಿಗೆ ಕುಮಾಸಿಗೆ ವರ್ಗ.
ಸರ್ವೇಯರರ ಗಾಡಿಗೆ ಟೈರಿಲ್ಲ,
ಟೈರು ಕೊಡಿಸಿದ ಮೇಲೆ ಸರ್ವೇಯರಿಲ್ಲ.
ಕಡತ ಇದೆ, ನಕ್ಷೆ ಇಲ್ಲ. ನಕ್ಷೆ ಸಿಕ್ಕಿತು,
ಅದರಲ್ಲಿ ನನ್ನ ಜಾಗವನ್ನು
ಗೆದ್ದಲು ಒತ್ತುವರಿ ಮಾಡಿತ್ತು.
ಗುಮಾಸ್ತರ ಮುಷ್ಕರ. ಕೋರ್ಟಿನ ದೊಡ್ಡ ರಜೆ.
ಹದಿನಾಲ್ಕು ವರ್ಷ.
ಒಂದು ದಿನವೂ ತಪ್ಪಿಸಲಿಲ್ಲ ನಾನು,
ಮೂರನೆಯ ಕೂಗಿಗೆ ಕಾಯದೆ ಎದ್ದು ನಿಂತೆ.
ನನ್ನ ತಡಕ್ಕೆ ಅವರ ಪುಸ್ತಕದಲ್ಲೊಂದು ಹೆಸರಿದೆ.
ಅವರ ತಡಕ್ಕೆ
ಮುಂದಿನ ದಿನಾಂಕ ಅನ್ನುತ್ತಾರೆ, ಅಷ್ಟೆ.

ಗೆದ್ದವ ಸೋತ, ಸೋತವ ಸತ್ತ ಅನ್ನುವ ಮಾತುಂಟು.
ಆಬೆಕಾ ಎರಡೂ ಆಗದೆ ಸತ್ತ, ಹೋದ ವರ್ಷ.
ಕೆಂಪು ಕಪ್ಪು ಉಟ್ಟು ಹೋದೆ, ಕಾಣಿಕೆ ಕೊಟ್ಟೆ.
ಮೈಕಿನಲ್ಲಿ ಕೂಗಿದರು: ಎಂಟ್ಸಿವಾ, ನೆರೆಯವರು, ಇಪ್ಪತ್ತು ಸೆಡಿ.
ರಸೀದಿ ಕೊಟ್ಟರು. ಕೇಸಿನ ಕಾಗದಗಳ ಜೊತೆಗೇ ಇಟ್ಟಿದ್ದೇನೆ,
ಬೇರೆ ಚೀಲವಿಲ್ಲ ನನ್ನಲ್ಲಿ.

ಈಗ ಪ್ರತಿವಾದಿ ಅವನ ಮಗಳು ಕೂಕುವಾ.
ಗೋಡೆ ಶುರುವಾದಾಗ ಅವಳಿಗೆ ಹಲ್ಲು ಬಂದಿರಲಿಲ್ಲ.
ಎನ್‌ಟೊಮೆ ಅಡಿಪಾಯ ಸೀಳಿ ಎದ್ದಿದೆಯೆಂದು
ಮೊನ್ನೆ ಮೇಸ್ತ್ರಿಗಳನ್ನು ಕರೆಸಿದಳು.
ಅದೇ ಬಿಸಿಲು.
ಕೊಡ ಹಿಡಿದು ಬಾಗಿಲಲ್ಲಿ ನಿಂತೆ, ತುಂಬ ಹೊತ್ತು.
ಆಮೇಲೆ ಓಣಿಯವರನ್ನೆಲ್ಲ ಕೂಗಿ ಕರೆದು,
ಬಂದವರ ಹೆಸರು ಚೀಟಿಯಲ್ಲಿ ಬರೆಸಿ,
ಗಟ್ಟಿಯಾಗಿ ಹೇಳಿದೆ:
ಇದು ನೀರು. ಒಪ್ಪಿಗೆಯಲ್ಲ.

ಹುಡುಗ ಗಟಗಟ ಕುಡಿದು
ಲೋಟ ಮತ್ತೆ ಚಾಚಿದ.