ಬಿ ಸೈಡು

ಎಂಬತ್ತಾರರ ಮಾರ್ಚಿ. ಚಿಕ್ಕಮಗಳೂರಿನ ಕ್ಯೂರಿಂಗ್ ವರ್ಕ್ಸಿನಲ್ಲಿ
ಚೀಲಕ್ಕೆ ಅಚ್ಚು ಹೊಡೆಯುವವನು ನಾನು, ಉಪ್ಪಳ್ಳಿ ಹಯಾತ್.
ತಗಡಿನಲ್ಲಿ ಕೊರೆದ ಅಕ್ಷರ, ಮೇಲೆ ಕರಿ ಶಾಯಿಯ ಬ್ರಷ್ಷು,
ಒಂದು ಚೀಲಕ್ಕೆ ಒಂದು ಉಸಿರು.
ಆವತ್ತು ಜ್ವರ. ತಗಡು ಮಗುಚಿಕೊಂಡದ್ದು ಕಾಣದೆ
ಎಂಟು ಚೀಲದ ಮೇಲೆ ರೋಬಸ್ಟಾ ಕನ್ನಡಿಯೊಳಗಿನ ಹಾಗೆ ಮೂಡಿ
ತುದಿಯಲ್ಲಿ ಆರ್ ಬೆನ್ನು ಹಾಕಿ ನಿಂತಿತು.

ರೈಟರು ಬಯ್ಯಲು ಬಾಯಿ ತೆರೆದರು.
ಸರಕು ನೋಡಲು ಬಂದ ರಷ್ಯದವರ ದುಭಾಷಿ ತೈಸಿಯಾ
ಚೀಲ ಮುಟ್ಟಿ ನಕ್ಕಳು:
"ನಮ್ಮ ಅಕ್ಷರಮಾಲೆಯ ಕೊನೆಯದು ಇದು. ಅರ್ಥ, ನಾನು."
ಅವಳ ಹಿಂದಿ ಪುಸ್ತಕದ್ದು, ನನ್ನದು ಉಪ್ಪಳ್ಳಿಯದು,
ನಡುವೆ ಎಷ್ಟು ಸೋರಿತೋ.
ಎಂಟು 'ನಾನು'ಗಳು ಮಂಗಳೂರಿನ ಲಾರಿ ಹತ್ತಿದವು.

ಹೊರಡುವ ದಿನ ಕ್ಯಾಸೆಟ್ ಕೊಟ್ಟಳು. ಮೇಲೆ ಹೆಸರಿಲ್ಲ.
ರೋದಿಯೋನ್, ಅಂದಳು,
ತೂಕದ ಕಟ್ಟೆ ಮೇಲೆ ಕೂತು ಹೇಳಿದಳು:

ಹಗಲು ನಿದ್ದೆ, ರಾತ್ರಿ ಬಾಯ್ಲರಿಗೆ ಕಲ್ಲಿದ್ದಲು.
ಬಿಸಿ ಎಷ್ಟೆಂದು ಬರೆಯುವ ಪಟ್ಟಿಯ ಬೆನ್ನಿಗೆ ಪದ್ಯ.
ಸಾಹೇಬರು ಪಟ್ಟಿ ಒಯ್ದರೆ ಪದ್ಯವೂ ಹೋಯಿತು, ನಕಲಿಲ್ಲ.
ಗಿಟಾರಿನ ಆರನೇ ತಂತಿ ಬೀದಿಯ ಟೆಲಿಫೋನಿನಿಂದ ಕದ್ದದ್ದು,
ಮೀಟಿದಾಗೆಲ್ಲ ಯಾರೋ ಹಲೋ ಅಂದಂತೆ.
ಹಾಡಿದ್ದು ಅಡುಗೆಮನೆಗಳಲ್ಲಿ. ಜನ ಕಿಟಕಿಯ ಮೇಲೆ, ಒಲೆಯ ಮೇಲೆ,
ಒಬ್ಬಳು ಫ್ರಿಜ್ಜಿನ ಮೇಲೆ.
ಚಪ್ಪಾಳೆ ತಟ್ಟುವಂತಿಲ್ಲ, ಪಕ್ಕದ ಮನೆಗೆ ಕಿವಿಯಿದೆ;
ಅಂಗೈಗೆ ಅಂಗೈ ಉಜ್ಜುತ್ತಿದ್ದರಂತೆ, ಚಳಿಯಾದವರ ಹಾಗೆ.

ಒಂದೇ ಒಂದು ಸಿನಿಮಾ. ರೈಲ್ವೆ ಗೇಟಿನವನ ಪಾತ್ರ.
ಅದರ ಹಾಡನ್ನು ತೆಗೆಸಿದರು. ದನಿ ಹೋಯಿತು, ಚಿತ್ರ ಉಳಿಯಿತು.
ಈಗಲೂ ತೆರೆಯ ಮೇಲೆ ಮೂರು ನಿಮಿಷ
ಬಾಯಿ ತೆರೆದು ಮುಚ್ಚುತ್ತಾನೆ, ಮೀನಿನ ಹಾಗೆ,
ಹಿಂದೆ ಗೂಡ್ಸ್ ಗಾಡಿ.

"ಆಮೇಲೆ?" ಅಂದೆ.
ತೈಸಿಯಾ ಕೈಯಲ್ಲಿದ್ದ ಬೀಜಗಳನ್ನು
ಒಂದೊಂದಾಗಿ ರಾಶಿಗೆ ಹಾಕಿದಳು. ಕಾರು ಬಂತು.

ರಾತ್ರಿ ಪಾಳಿ. ಡ್ರೈಯರಿನ ಮಗ್ಗುಲಲ್ಲಿ ಟೇಪು ಹಾಕಿದೆ.
"ಇವನಿಗೆ ನೆಗಡಿ ಕಣಯ್ಯ, ಕಷಾಯ ಕುಡೀಲಿ,"
ಅಂದ ಬೆಂಕಿ ನೋಡುವ ಚೆಲುವಯ್ಯ.
ಆದರೂ ಸೌದೆ ಒಡ್ಡುವಾಗ ಅವನ ಮೊಣಕೈ ತಾಳ ತಪ್ಪಲಿಲ್ಲ.
ಬೀಜ ಆರಿಸುವ ದ್ಯಾವೀರಮ್ಮ, ಸೆಲೀನಾ
ಅರ್ಥವಾಗದಲ್ಲಿ ತಮ್ಮ ಅರ್ಥ ತುಂಬಿ ಗುನುಗಿದರು;
ಕಪ್ಪು ಬೀಜ ಒಂದು ಕಡೆ, ಒಡಕಲು ಒಂದು ಕಡೆ.

ಬಿ ಸೈಡು ಪೂರ್ತಿ ಇಲ್ಲ.
ಹಾಡಿನ ನಡುವೆ ಬಾಗಿಲು ಬಡಿತ, ಮೂರು ಸಲ.
ಗಿಟಾರ್ ನಿಲ್ಲುತ್ತದೆ. "ಕ್ತೋ?" ಅನ್ನುತ್ತಾನೆ.
ಹೊರಗಿನಿಂದ ದನಿ: "ಯಾ..."
ಅಷ್ಟೆ. ಬರೀ ಸುಯ್ಯೆನ್ನುವ ರೀಲು.

'ಯಾರು' ಅನ್ನುವಷ್ಟರಲ್ಲಿ ತುಂಡಾಗಿದೆ, ಅಂದುಕೊಂಡೆ.
ಯಾರೋ ಒಳಗೆ, ಯಾರಪ್ಪಣೆ, ಯಾವೂರು:
ಪೊಲೀಸರ ಮಾತೆಲ್ಲ ಶುರುವಾಗುವುದು ಅಲ್ಲೇ ತಾನೆ.
ಕೇಳಿದವರಿಗೆಲ್ಲ ಹಾಗೇ ಹೇಳಿದೆ. ಹಿಡಿದೊಯ್ದರು. ಸೈಬೀರಿಯಾ. ಹಿಮ.
ಸೆಲೀನಾ ಅವನ ಹೆಸರಲ್ಲಿ ಇಗರ್ಜಿಯಲ್ಲಿ ಮೇಣದಬತ್ತಿ ಹಚ್ಚಿದಳು,
ವರ್ಷಕ್ಕೊಂದು.

ತೊಂಬತ್ತೆರಡರಲ್ಲಿ ರೈಟರು, "ಆ ದೇಶವೇ ಇಲ್ಲವಂತೆ ಕಣೋ," ಅಂದರು.
ತಗಡು ನನ್ನ ಕೋಳಿಗೂಡಿನ ಬಾಗಿಲಾಯಿತು.
ಬೆಳಗಾದರೆ ಬಿಸಿಲು ಹುಂಜದ ಮೈಮೇಲೆ
ರೋಬಸ್ಟಾ ಅಂತ ಬರೆಯುತ್ತದೆ.
ಕ್ಯಾಸೆಟ್ಟಿಗೆ ಬೂಷ್ಟು ಹಿಡಿಯಿತು.

ಈಗ ಕೈಮರದಿಂದ ಗಿರಿಗೆ ಜೀಪು ಹೊಡೆಯುತ್ತೇನೆ.
ಹೋದ ಮಾಗಿಯಲ್ಲಿ ಒಬ್ಬ ರಷ್ಯದ ಹುಡುಗಿ ಹತ್ತಿದಳು.
"ರೋದಿಯೋನ್ ಗೊತ್ತಾ?" ಜೀಪಿನ ಇಂಗ್ಲಿಷಿನಲ್ಲಿ ಕೇಳಿದೆ.
ಫೋನು ತಡಕಿದಳು. ಇಲ್ಲ. "ಆಗ ಬಾಯ್ಲರಿಗೊಬ್ಬ ಅಂಥವನಿದ್ದ,
ಅಜ್ಜಿ ಹೇಳುತ್ತಾಳೆ."
ಬಾನೆಟ್ ಬಡಿದು ತೋರಿಸಿದೆ, ಮೂರು ಸಲ. ಕ್ತೋ? ಯಾ...

"ಯಾರು ಅಂತ ಕೇಳಿದ್ದು ಒಳಗಿನವನು," ಅಂದಳು.
"ಯಾ ಅಂದರೆ ನಾನು. ತುಂಡಾಗಿಲ್ಲ, ಮಾತೇ ಅಷ್ಟು.
ಗುರುತಿನವರು ಹಾಗನ್ನುತ್ತಾರೆ."
ಮಂಜು ಕೂತ ಗಾಜಿನ ಮೇಲೆ ಬೆರಳಲ್ಲಿ ಬರೆದಳು,
ಬೆನ್ನು ಹಾಕಿದ ಆರ್.

ದನಿ ಹೆಣ್ಣಿನದು. ಆಗಲೂ ಗೊತ್ತಿತ್ತು;
ಪೊಲೀಸರಲ್ಲೂ ಹೆಂಗಸರಿರಬಹುದಲ್ಲ, ಅಂದುಕೊಂಡಿದ್ದೆ.
ಬಾಗಿಲು ತೆರೆದನೋ ಇಲ್ಲವೋ ಟೇಪಿನಲ್ಲಿಲ್ಲ.
ಒಂದನೇ ಗೇರು ಹಾಕಿದೆ, ಏರು ಶುರು.
ಸೆಲೀನಾಗೆ ಹೇಳಬೇಕು, ಬತ್ತಿಯ ವಿಷಯ.